ಟವೆಲ್ ಎತ್ತುವವರೆಗೆ

ನನ್ನ ಜೀವಮಾನದಲ್ಲಿ ಸಾವಿರಾರು ಜನರ ಮುಖಕ್ಕೆ ಕ್ಯಾಮೆರಾ ಹಿಡಿದಿದ್ದೇನೆ. ಕ್ಯಾಮೆರಾ ಕಂಡರೆ ಅಂಜುವವರು ಅದರ ಮುಂದೆ ನಿಂತವರು ಮಾತ್ರ ಎಂದು ತಿಳಿದಿದ್ದೆ. ಆದರೆ ಒಂದು ಕ್ಯಾಸೆಟ್ ನನ್ನನ್ನು ಹದಿನೈದು ದಿನ ಊಟ ಸೇರದಂತೆ ಮಾಡಿತು. ಅದರಲ್ಲಿ ನನ್ನ ಅಕ್ಕ ಇದ್ದಳು, ನಾನೂ ಇದ್ದೆ. ಅಕ್ಕ ಅದನ್ನು ನೋಡಬಾರದು, ಅಷ್ಟೇ ನನ್ನ ಬೇಡಿಕೆ. ಹೇಮಗುಡ್ಡದ ದುರ್ಗವ್ವನಿಗೆ ಹರಕೆಯನ್ನೂ ಹೊತ್ತಿದ್ದೆ. ಯಾಕೆ ಎಂದು ಕೇಳಿದ ಮನೆಯವರಿಗೆ ಸುಳ್ಳು ಹೇಳಿದ್ದೆ.

ಕೊಪ್ಪಳ ಬೇರೆ ಜಿಲ್ಲೆಯಾಗಿ ಐದಾರು ವರ್ಷ ಆಗಿದ್ದ ಕಾಲ ಅದು. ಗಂಗಾವತಿಯಲ್ಲಿ ನನ್ನದೊಂದು ವಿಡಿಯೊ ಅಂಗಡಿ. ಮದುವೆ, ಬಸುರಿಯ ಕುಬಸ, ತೊಟ್ಟಿಲು ಏನಿದ್ದರೂ ಕ್ಯಾಮೆರಾ ಹೆಗಲಿಗೇರಿಸಿ ಹೊರಡುತ್ತಿದ್ದೆ. ನನ್ನ ಕೈಕೆಳಗೆ ಮದುವೆ ಎಂದರೆ ಒಂದು ನಾಟಕ. "ಈ ಕಡಿ ನೋಡ್ರಿ, ನಗ್ರಿ, ಅಕ್ಕಿಕಾಳು ಇನ್ನೊಮ್ಮೆ ಹಾಕ್ರಿ" ಎಂದು ಪುರೋಹಿತರಿಗಿಂತ ಜೋರಾಗಿ ಕೂಗುತ್ತಿದ್ದೆ. ಮಗಳನ್ನು ಕಳಿಸಿಕೊಡುವಾಗ ಅಳುತ್ತಿದ್ದ ಒಬ್ಬ ತಾಯಿಗೆ, "ಬೆಳಕು ಬಿದ್ದಿಲ್ಲರಿ ಯವ್ವಾ, ಇನ್ನೊಮ್ಮೆ ಅಳ್ರಿ" ಎಂದು ಹೇಳಿದವನು ನಾನು. ಆಕೆ ಪಾಪ, ಕಣ್ಣೊರೆಸಿಕೊಂಡು ಮತ್ತೆ ಅತ್ತಳು. ನಮ್ಮೂರು ಹನುಮಸಾಗರದಲ್ಲಿ ನಾಟಕಕ್ಕೆ ಬಣ್ಣ ಹಚ್ಚುತ್ತಿದ್ದಾಗಲೂ ನನ್ನ ದನಿ ಕೊನೆಯ ಸಾಲಿನಲ್ಲಿ ಮಲಗಿದವರನ್ನು ಎಬ್ಬಿಸುತ್ತಿತ್ತು. ನಟನೆ ಎಂದರೆ ಅದೇ ಎಂದು ನನ್ನ ತಿಳಿವಳಿಕೆ.

ಅಂಥವನ ಅಂಗಡಿಗೆ ಒಂದು ದಿನ ಮೈಸೂರು ಕಡೆಯ ಒಬ್ಬ ಯುವಕ ಬಂದ. ಪುಣೆಯಲ್ಲಿ ಸಿನಿಮಾ ಕಲಿತು ಬಂದವನು. ಭತ್ತದ ಸೀಮೆಯಲ್ಲಿ ಒಂದು ಸಣ್ಣ ಚಿತ್ರ ತೆಗೆಯುತ್ತೇನೆ, ಕ್ಯಾಸೆಟ್ ಬೇಕು, ದಿನಾ ತೆಗೆದದ್ದನ್ನು ನೋಡಲು ಒಂದು ಟೀವಿ ಬೇಕು ಎಂದ. ಸ್ಟಾರ್ ಯಾರು ಎಂದು ಕೇಳಿದೆ. ಯಾರೂ ಇಲ್ಲ, ಊರಿನವರೇ ಮಾಡುತ್ತಾರೆ ಎಂದ. ಹಾಗಾದರೆ ಯಾರು ನೋಡುತ್ತಾರೆ ಎಂದು ಕೇಳಿದೆ. ಅವನು ನಕ್ಕು ಚೀಲದಿಂದ ಮೂರು ಸೀಡಿ ತೆಗೆದು ನನ್ನ ಕೈಗಿಟ್ಟ. ಮೂರೂ ಚೀನಾ ದೇಶದವು. ಅಲ್ಲಿಯ ಹುಡುಗರು ಸರ್ಕಾರದ ಪರವಾನಗಿ ಕೇಳದೆ, ಸಣ್ಣ ಕ್ಯಾಮೆರಾದಲ್ಲಿ, ತಮ್ಮ ಊರಲ್ಲೇ, ನೆಂಟರನ್ನೂ ಗೆಳೆಯರನ್ನೂ ನಿಲ್ಲಿಸಿ ತೆಗೆದ ಚಿತ್ರಗಳು ಎಂದು ಹೇಳಿದ.

ಮಧ್ಯಾಹ್ನ ಅಂಗಡಿಯಲ್ಲಿ ಗಿರಾಕಿ ಇಲ್ಲದಾಗ ಮೊದಲನೆಯದನ್ನು ಹಾಕಿದೆವು. ಒಬ್ಬ ಹೆಂಗಸು ಕಲ್ಲಿದ್ದಲಿನ ಒಲೆ ಹಚ್ಚುತ್ತಾಳೆ. ಅದು ಹೊತ್ತುವುದಿಲ್ಲ. ಊದುತ್ತಾಳೆ, ಕೆಮ್ಮುತ್ತಾಳೆ, ಮತ್ತೆ ಊದುತ್ತಾಳೆ. ಹಿಂದೆ ಸಂಗೀತವಿಲ್ಲ. ಗಂಡ ಬಂದು ಬಾಗಿಲಲ್ಲಿ ನಿಂತು ಏನೋ ಗೊಣಗಿ ಹೋಗುತ್ತಾನೆ. ಐದು ನಿಮಿಷ ಇದೇ.

"ಇದೇನ್ ಸಿನಿಮಾರಿ ಸರ? ನಮ್ಮ ಮನಿ ಪಡಸಾಲ್ಯಾಗ ಕುಂತಂಗ ಐತಿ" ಅಂದೆ.

"ಅದೇ ಬೇಕಾಗಿರೋದು" ಅಂದ ಅವನು.

ಆ ಹೆಂಗಸು ನಟಿಯಲ್ಲವಂತೆ, ನಿರ್ದೇಶಕನ ಚಿಕ್ಕಮ್ಮನಂತೆ. ಹೆಸರೂ ಅವಳದೇ, ಬಟ್ಟೆಯೂ ಅವಳದೇ. ಒಲೆ ಹೊತ್ತುವುದಿಲ್ಲ ಎಂದು ಅವಳಿಗೆ ಮೊದಲೇ ಹೇಳಿರಲಿಲ್ಲವಂತೆ, ಇದ್ದಲನ್ನು ಒದ್ದೆ ಮಾಡಿ ಇಟ್ಟಿದ್ದರಂತೆ. ನಾನು ಎರಡು ದಿನ ಚೇಷ್ಟೆ ಮಾಡಿದೆ. ಮೂರನೆಯ ದಿನ ಯಾರೂ ಇಲ್ಲದಾಗ ನಾನೇ ಹಾಕಿಕೊಂಡು ನೋಡಿದೆ. ಆ ಹೆಂಗಸು ಹೊಗೆಗೆ ಮುಖ ತಿರುಗಿಸಿ, ಮುಂಗೈಯಿಂದ ಮೂಗು ಒರೆಸಿಕೊಂಡು, ಯಾರೂ ನೋಡುತ್ತಿಲ್ಲ ಎಂದು ತಿಳಿದು ಒಂದು ಗಳಿಗೆ ಸುಮ್ಮನೆ ಕುಳಿತುಬಿಡುತ್ತಾಳೆ. ನಾನು ಇನ್ನೊಮ್ಮೆ ಅಳಿಸಿದ ಆ ತಾಯಿ ನೆನಪಾದಳು. ನಾಚಿಕೆಯೂ ಆಯಿತು, ಹೊಟ್ಟೆಕಿಚ್ಚೂ ಆಯಿತು. ನನ್ನ ಕೈಯಲ್ಲಿ ಇಷ್ಟು ವರ್ಷ ಕ್ಯಾಮೆರಾ ಇದ್ದರೂ ಇಂಥದ್ದು ಒಂದೂ ಸಿಕ್ಕಿರಲಿಲ್ಲ.

ಅವನಿಗೆ ಅಕ್ಕನನ್ನು ತೋರಿಸಿದವನು ನಾನೇ. ಅಕ್ಕನನ್ನು ಮರಳಿ ಎಂಬ ಹಳ್ಳಿಯಲ್ಲಿದ್ದ ನಮ್ಮ ಸೋದರಮಾವನಿಗೇ ಕೊಟ್ಟಿತ್ತು. ಹೀಗಾಗಿ ಅವಳ ಅತ್ತೆ ಎಂದರೆ ನಮ್ಮ ಅಜ್ಜಿಯೇ. ಮಾವ ಅಕ್ಕಿ ಲಾರಿ ಓಡಿಸುತ್ತಿದ್ದ. ಗಂಗಾವತಿಯ ಮಿಲ್ಲಿನಲ್ಲಿ ಲೋಡ್ ಮಾಡಿಕೊಂಡು ಮುಂಬೈಗೆ ಹೋದರೆ ಬರುವುದು ಐದಾರು ದಿನಕ್ಕೆ. ಲಾರಿಯವರ ಮನೆಯ ಹೆಂಗಸರ ಬದುಕು ನಿಮಗೆ ಗೊತ್ತಿದ್ದರೆ ಗೊತ್ತು. ಬಾಗಿಲ ಮುಂದೆ ಯಾವುದಾದರೂ ಮೋಟರ್ ಸೈಕಲ್ ನಿಂತರೆ ಸಾಕು, ಕೆಟ್ಟ ಸುದ್ದಿ ಬಂತೇನೋ ಎಂದು ಅಕ್ಕ ಕಂಬ ಹಿಡಿದುಕೊಳ್ಳುತ್ತಿದ್ದಳು. ಬಂದವನು ಹಾಲಿನವನೋ ಬೀಜದ ಏಜೆಂಟನೋ ಎಂದು ತಿಳಿದ ಮೇಲೆ ಅವನಿಗೆ ಸುಮ್ಮನೆ ಬೈಯುತ್ತಿದ್ದಳು.

ನಾವು ಹೋದಾಗ ಅಕ್ಕ ಹಿತ್ತಲಲ್ಲಿ ಒಂದು ಕೋಳಿಗೆ ಬುದ್ಧಿ ಹೇಳುತ್ತಿದ್ದಳು. ಮೈಸೂರಿನ ಹುಡುಗ ಬೇಲಿಯಾಚೆ ನಿಂತು ನೋಡಿ, ಇವರೇ ಎಂದ.

ಮೊದಲ ದಿನ ಅಕ್ಕ ಮದುವೆಯ ಸೀರೆ ಉಟ್ಟು, ಮುಖಕ್ಕೆ ಪೌಡರ್ ಬಳಿದುಕೊಂಡು ಗದ್ದೆಗೆ ಬಂದಳು. ಸಸಿ ಹಚ್ಚುವ ಕೂಲಿ ಹೆಂಗಸರು ನಕ್ಕು ನಕ್ಕು ಕೆಸರಿನಲ್ಲಿ ಕುಳಿತುಬಿಟ್ಟರು. ಹತ್ತು ದಿನ ಕಳೆಯುವಷ್ಟರಲ್ಲಿ ಅವಳು ಕ್ಯಾಮೆರಾವನ್ನೇ ಮರೆತಳು. ಮರೆಯುವಂತೆಯೇ ಅವನ ಪದ್ಧತಿ ಇತ್ತು. ಶುರು ಎನ್ನುವುದಿಲ್ಲ, ಕಟ್ ಎನ್ನುವುದಿಲ್ಲ. ಕಾಲುವೆಯ ದಂಡೆಯ ಮೇಲಿನ ಬೇವಿನ ಗಿಡದ ಕೆಳಗೆ ಕ್ಯಾಮೆರಾ ಇಟ್ಟು, ಉದ್ದನೆಯ ಲೆನ್ಸು ಹಾಕಿ, ಸುಮ್ಮನೆ ಕೂರುತ್ತಿದ್ದ. ಅಕ್ಕನ ಗಂಡನ ಹೆಸರು ಕತೆಯಲ್ಲೂ ಅದೇ, ತಮ್ಮ ಎಂದರೆ ಕತೆಯಲ್ಲೂ ನಾನೇ. ನನ್ನ ಅಂಗಿಯೊಳಗೆ ಒಂದು ಸಣ್ಣ ಮೈಕು. ಶಾಟ್ ಮುಗಿದರೆ ಅವನು ಕೋಲಿಗೆ ಕಟ್ಟಿದ ಕೆಂಪು ಟವೆಲ್ ಎತ್ತುತ್ತಿದ್ದ.

"ಟವೆಲ್ ಎತ್ತೋವರೆಗೂ ಏನೇ ಆದ್ರೂ ನಿಲ್ಲಿಸಬೇಡಿ" ಎನ್ನುವುದು ನನಗೆ ಅವನು ಹೇಳಿದ ಒಂದೇ ನಿಯಮ. ನಾನು ಅದನ್ನು ದೇವರ ಮಾತಿನಂತೆ ಪಾಲಿಸುತ್ತಿದ್ದೆ. ನನಗೂ ಆ ಚೀನಾದವರಂತೆ ಸಹಜವಾಗಿ ಮಾಡಿ ತೋರಿಸುವ ಹುಚ್ಚು ಹಿಡಿದಿತ್ತು.

ಹನ್ನೊಂದನೆಯ ದಿನದ ಸೀನು ಸಣ್ಣದು. ಕತೆಯಲ್ಲಿ ಗಂಡನಿಗೆ ಜ್ವರ ಬರುತ್ತದೆ. ತಮ್ಮ ಗದ್ದೆಗೆ ಬಂದು ಅಕ್ಕನಿಗೆ ಹೇಳುತ್ತಾನೆ. ಅವಳು ಗೊಣಗುತ್ತ ಕಾಲು ತೊಳೆದುಕೊಂಡು ಮನೆಗೆ ಹೊರಡುತ್ತಾಳೆ. ಹುಡುಗ ಬರೆದುಕೊಂಡಿದ್ದ ಮಾತು ಇಷ್ಟು: ಭಾವನಿಗೆ ಸ್ವಲ್ಪ ಹುಷಾರಿಲ್ಲ, ಗಾಬರಿ ಬೇಡ, ಮನೆಗೆ ಬಾ. ಇದನ್ನು ನಿಮ್ಮ ಭಾಷೆಯಲ್ಲಿ ಹೇಳಿ ಎಂದ.

"ಅಕ್ಕಗ ಮೊದಲ ಹೇಳೂದು ಬ್ಯಾಡೇನ್ರಿ?"

"ಬೇಡ. ಹೇಳಿದ್ರೆ ಮುಖ ಮೊದಲೇ ತಯಾರಾಗಿಬಿಡುತ್ತೆ."

ಇಲ್ಲಿ ನಮ್ಮ ಸೀಮೆಯ ಒಂದು ರೂಢಿ ಹೇಳಬೇಕು. ನಮ್ಮಲ್ಲಿ ಯಾರಾದರೂ ಸತ್ತರೆ ಸತ್ತರು ಎಂದು ಹತ್ತಿರದವರಿಗೆ ಯಾರೂ ಹೇಳುವುದಿಲ್ಲ. ಸುದ್ದಿ ತಂದವನು ಬಾಗಿಲಲ್ಲಿ ನಿಂತು, ಸ್ವಲ್ಪ ಆರಾಮ ಇಲ್ಲ, ಗಾಬರಿ ಆಗಬ್ಯಾಡ್ರಿ, ಹೊಂಡ್ರಿ ಎನ್ನುತ್ತಾನೆ. ಅಷ್ಟು ಕೇಳಿದರೆ ಕೇಳಿದವರಿಗೆ ಎಲ್ಲ ತಿಳಿಯುತ್ತದೆ. ದಾರಿಯುದ್ದಕ್ಕೂ ತಿಳಿಯದವರಂತೆ ಇರುತ್ತಾರೆ. ನಿಜವಾಗಿ ಜ್ವರ ಬಂದಿದ್ದರೆ ಜ್ವರ ಬಂದೈತಿ ಎಂದು ನೇರವಾಗಿ ಹೇಳುತ್ತೇವೆ. ನನ್ನ ಅಪ್ಪ ಹೋದಾಗ ಯಲಬುರ್ಗಾದ ಒಂದು ಮದುವೆಯಿಂದ ನನ್ನನ್ನು ಕರೆದುಕೊಂಡು ಬಂದದ್ದು ಇದೇ ಮಾತಿನಿಂದ. ಬಸ್ಸಿನಲ್ಲಿ ಕುಷ್ಟಗಿ ಮುಟ್ಟುವವರೆಗೆ ಕಿಟಕಿಯ ಕಡೆ ಮುಖ ಮಾಡಿ ಅತ್ತಿದ್ದೆ. ಮೈಸೂರಿನ ಹುಡುಗನಿಗೆ ಗೊತ್ತಿರಲಿಲ್ಲ, ಸರಿ. ನಾನೇನು ಮೈಸೂರಿನವನೇ? ಆ ಹೊತ್ತು ನನ್ನ ಬುದ್ಧಿ ಎಲ್ಲಿ ಹುಲ್ಲು ಮೇಯುತ್ತಿತ್ತೋ. ಬದುವಿನ ಮೇಲೆ ಕ್ಯಾಮೆರಾ ಇಲ್ಲವೆಂಬಂತೆ ನಡೆಯುವುದು ಹೇಗೆ ಎನ್ನುವುದೊಂದೇ ನನ್ನ ಚಿಂತೆಯಾಗಿತ್ತು.

ಮಾವ ಲಾರಿ ತೆಗೆದುಕೊಂಡು ಹೋಗಿ ಎರಡು ದಿನ ಆಗಿತ್ತು.

ಬೆಳಿಗ್ಗೆ ಹನ್ನೊಂದರ ಬಿಸಿಲು. ಅಕ್ಕ ಬಗ್ಗಿ ಸಸಿ ಹಚ್ಚುತ್ತಿದ್ದಳು. ನಾನು ಬದುವಿನ ಮೇಲೆ ನಿಂತು ಕರೆದೆ.

"ಯಾಕೋ ತಮ್ಮಾ, ಅಂಗಡಿ ಬಿಟ್ಟು ಬಂದಿ?"

"ಅಕ್ಕಾ, ಮಾವಗ ಸ್ವಲ್ಪ ಆರಾಮ ಇಲ್ಲಂತ. ಗಾಬರಿ ಆಗಬ್ಯಾಡ. ಹೊಂಡು, ಮನಿಗೆ ಹೋಗೂಣು."

ನಾನು ಬಹಳ ಚೆನ್ನಾಗಿ ಹೇಳಿದೆ. ದನಿ ಎತ್ತಲಿಲ್ಲ, ಕೈ ಆಡಿಸಲಿಲ್ಲ. ನಿಜವಾಗಿ ಸುದ್ದಿ ತಂದವನು ಹೇಗೆ ನೆಲ ನೋಡುತ್ತಾನೋ ಹಾಗೆ ನೆಲ ನೋಡಿದೆ.

ಅಕ್ಕನ ಕೈಯಿಂದ ಸಸಿಯ ಕಟ್ಟು ಬಿತ್ತು. ಅವಳು ಕೂಗಲಿಲ್ಲ. ನನ್ನ ಮುಖ ನೋಡಿದಳು, ಹಿಂದೆ ರಸ್ತೆಯ ಕಡೆ ನೋಡಿದಳು, ಮತ್ತೆ ನನ್ನ ಮುಖ ನೋಡಿದಳು. ಎರಡು ಹೆಜ್ಜೆ ಇಟ್ಟವಳು ಕೆಸರಿನಲ್ಲಿ ಮಂಡಿಯೂರಿದಳು. ಆಮೇಲೆ ಅವಳ ಹೊಟ್ಟೆಯೊಳಗಿಂದ ಒಂದು ದನಿ ಬಂತು. ಅದನ್ನು ಬರೆಯುವ ಶಕ್ತಿ ನನಗಿಲ್ಲ.

ಆಗಲೇ ನನಗೆ ತಿಳಿಯಿತು. ತಿಳಿಯಲಿಲ್ಲ ಎಂದು ಎಷ್ಟೋ ಸಲ ನನಗೆ ನಾನೇ ಹೇಳಿಕೊಂಡಿದ್ದೇನೆ. ತಿಳಿದಿತ್ತು. ಬಾಯಿ ತೆರೆದು ಸುಳ್ಳು ಅಕ್ಕಾ ಎಂದರೆ ಮುಗಿಯುತ್ತಿತ್ತು. ನಾನು ಬೇವಿನ ಗಿಡದ ಕಡೆ ನೋಡಿದೆ. ಟವೆಲ್ ಏಳಲಿಲ್ಲ. ಅಕ್ಕ ಎರಡೂ ಕೈಯಿಂದ ಬದುವಿನ ಕಲ್ಲನ್ನು ಬಡಿಯತೊಡಗಿದಳು. ಹಸಿರು ಬಳೆಗಳು ಚೂರಾಗಿ ನೀರಿಗೆ ಬಿದ್ದವು. ನಾನು ಮತ್ತೆ ಗಿಡದ ಕಡೆ ನೋಡಿದೆ. ಕೂಲಿ ಹೆಂಗಸರು ಕೆಸರು ತುಳಿಯುತ್ತ ಓಡಿ ಬಂದರು. ಅವರಲ್ಲಿ ಒಬ್ಬ ಮುದುಕಿ ನನ್ನ ಬೆನ್ನಿಗೆ ಬಲವಾಗಿ ಗುದ್ದಿದಳು.

"ಬಾಯಿ ಸತ್ತೈತೇನೋ ನಿಂದು? ಏನಾಗೇತಿ ಹೇಳೋ!"

ಆಗ ಬಾಯಿ ಬಿಟ್ಟೆ. "ಸುಳ್ಳು ಅಕ್ಕಾ, ಸುಳ್ಳು. ಸಿನಿಮಾದ್ದು. ಮಾವಗ ಏನೂ ಆಗಿಲ್ಲ."

ಅಕ್ಕ ನಂಬಲಿಲ್ಲ. ಹೇಗೆ ನಂಬುತ್ತಾಳೆ? ಏನೂ ಆಗಿಲ್ಲ ಎನ್ನುವುದೂ ನಮ್ಮಲ್ಲಿ ಸುದ್ದಿ ತಂದವರು ಹೇಳುವ ಮಾತೇ. ಹುಡುಗ ಓಡಿ ಬಂದು ಅವಳ ಕಾಲು ಹಿಡಿದ, ಕ್ಯಾಮೆರಾ ತೋರಿಸಿದ. ಅವಳು ಯಾರ ಮಾತನ್ನೂ ಕಿವಿಗೆ ಹಾಕಿಕೊಳ್ಳಲಿಲ್ಲ. ಮನೆಗೆ ಹೋಗಿ ಹೊಸ್ತಿಲ ಮೇಲೆ ಕುಳಿತಳು. ಹೆಣ ಬರುವುದನ್ನು ಕಾಯುವವರು ಕೂರುವ ಹಾಗೆ ಕುಳಿತಳು.

ಅಕ್ಕನ ಬರಿಗೈ ನೋಡಿ ಅಜ್ಜಿಗೆ ಎದೆ ಒಡೆದಂತಾಯಿತು. ಗಂಡ ಇರುವಾಗಲೇ ಬಳೆ ಒಡೆದುಕೊಂಡರೆ ಆ ಹೆದರಿಕೆಗೆ ಸಮಾಧಾನ ಹೇಳುವ ಶಾಸ್ತ್ರ ಯಾವುದೂ ಇಲ್ಲ. ಅಜ್ಜಿ ಆ ಗಳಿಗೆಯಲ್ಲೇ ಬಳೆಗಾರ್ತಿಯನ್ನು ಕರೆಸಿ ಎರಡೂ ಕೈತುಂಬ ಬಳೆ ತೊಡಿಸಿದಳು. ಗೀರಿದ ಮಣಿಕಟ್ಟಿನ ಮೇಲೆ ಬಳೆ ಏರಿಸುವಾಗ ಅಕ್ಕ ಕೈ ಚಾಚಿ ಕುಳಿತಿದ್ದಳು, ಮುಖ ಸಹ ಕಿವುಚಲಿಲ್ಲ. ಆಮೇಲೆ ಅಜ್ಜಿ ನನ್ನನ್ನು ಹಿತ್ತಲಿಗೆ ಕರೆದಳು.

"ಆಕಿ ಬಿದ್ದಾಗ ನೀ ಏನು ಮಾಡಾಕತ್ತಿದ್ದಿ?"

"ಕೂಡ್ಲೇ ಓಡಿ ಹೋಗಿ ಹಿಡಕೊಂಡೆ ಅಜ್ಜಿ. ಸುಳ್ಳಂತ ಅವಾಗ ಹೇಳಿದೆ. ಆಕಿಗೇ ಕೇಳಿಸಲಿಲ್ಲ."

ಅಜ್ಜಿ ಅದನ್ನೇ ಮನೆಯಲ್ಲಿ ಹೇಳಿದಳು. ಅಕ್ಕನೂ ಕೇಳಿಸಿಕೊಂಡಳು. ಅವಳಿಗೆ ಆ ಹೊತ್ತಿನ ಯಾವ ನೆನಪೂ ಸರಿಯಾಗಿ ಇರಲಿಲ್ಲ, ಹಾಗಾಗಿ ನಂಬಿದಳು. ತಮ್ಮ ಪಾಪ ಹಿಡಿದುಕೊಂಡನಂತೆ ಎಂದು ಪಕ್ಕದ ಮನೆಯವಳಿಗೆ ಅವಳು ಹೇಳಿದ್ದು ನನ್ನ ಕಿವಿಗೂ ಬಿತ್ತು.

ಆಮೇಲಿನ ಮೂರು ದಿನ ನಾನು ಬದುಕಿದ್ದೆನೋ ಇಲ್ಲವೋ. ಮಾವನ ಹತ್ತಿರ ಫೋನಿಲ್ಲ. ಮುಂಬೈಯಲ್ಲಿ ಅಕ್ಕಿ ಇಳಿಸಿ ತಿರುಗಿ ಹೊರಡುವಾಗ ಅವನು ಗಂಗಾವತಿಯ ಟ್ರಾನ್ಸ್‌ಪೋರ್ಟ್ ಆಫೀಸಿಗೆ ಒಂದು ಫೋನ್ ಮಾಡುತ್ತಿದ್ದ, ಅಷ್ಟೇ. ನಾನು ಅಂಗಡಿ ಮುಚ್ಚಿ ಬೆಳಗಿನಿಂದ ಅಲ್ಲಿ ಬೆಂಚಿನ ಮೇಲೆ ಕುಳಿತೆ. ಫೋನ್ ಹೊಡೆದುಕೊಂಡಾಗಲೆಲ್ಲ ಎದ್ದು ನಿಲ್ಲುತ್ತಿದ್ದೆ. ಘಾಟಿನಲ್ಲಿ ಯಾವುದೋ ಲಾರಿ ಪಲ್ಟಿಯಾದ ಮಾತು ಅಲ್ಲಿ ದಿನಾ ಬರುವಂಥದ್ದು. ಹಿಂದೆ ಕೇಳಿ ಬೀಡಿ ಹಚ್ಚುತ್ತಿದ್ದೆ. ಈಗ ಎದ್ದು ಹೋಗಿ ನಂಬರ್ ಕೇಳುತ್ತಿದ್ದೆ. ನನ್ನ ಬಾಯಿಂದ ಬಂದ ಮಾತು ನಿಜವಾಗಿಬಿಟ್ಟರೆ ಎನ್ನುವ ಅಂಜಿಕೆ ತಲೆ ಹೊಕ್ಕಿತ್ತು. ಕಲಿತವನು, ಅಂಥದ್ದನ್ನೆಲ್ಲ ನಂಬುವವನಲ್ಲ ಎಂದು ಗೆಳೆಯರ ಮುಂದೆ ಜಂಬ ಕೊಚ್ಚುತ್ತಿದ್ದವನು ಆ ಬೆಂಚಿನ ಮೇಲೆ ಕುಳಿತು ಗೊತ್ತಿದ್ದ ದೇವರನ್ನೆಲ್ಲ ಕರೆದೆ.

ಎರಡನೆಯ ದಿನ ಮಧ್ಯಾಹ್ನ ಫೋನ್ ಬಂತು. ಮಾವನದೇ ದನಿ. ನಾನು ಅಳುತ್ತ ಮಾತಾಡಿದ್ದಕ್ಕೆ ಅವನಿಗೇ ಮನೆಯಲ್ಲಿ ಏನಾಯಿತೋ ಎಂದು ಗಾಬರಿ. ಮೋಟರ್ ಸೈಕಲ್ ಹತ್ತಿ ಮರಳಿಗೆ ಓಡಿ ಅಕ್ಕನಿಗೆ ಹೇಳಿದೆ.

"ಮಾವನ ಫೋನ್ ಬಂದಿತ್ತಕ್ಕಾ. ನಾನ ಮಾತಾಡೀನಿ. ಆರಾಮ ಅದಾನ."

ಅಕ್ಕ ತಲೆಯೆತ್ತಿ ನೋಡಲಿಲ್ಲ. "ನಿನ್ನ ಮಾತು ಬ್ಯಾಡ ತಮ್ಮಾ" ಅಂದಳು.

ಮರುದಿನ ಹೊತ್ತು ಇಳಿಯುವ ಮುಂಚೆ ಲಾರಿ ಬಂತು. ಅಕ್ಕ ಹೊಸ್ತಿಲಿಂದ ಎದ್ದು ಹೋಗಿ ಮೊದಲು ಲಾರಿಯ ಬಾಗಿಲನ್ನು ಮುಟ್ಟಿದಳು, ಆಮೇಲೆ ಮಾವನ ತೋಳನ್ನು ಮುಟ್ಟಿದಳು. ಎರಡು ದಿನದಿಂದ ಜಳಕ ಮಾಡಿಲ್ಲ, ನಾಚಿಕಿ ಆಗೂದಿಲ್ಲೇನು ಎಂದು ಬೈಯುತ್ತ ಬೀದಿಯಲ್ಲೇ ಅತ್ತುಬಿಟ್ಟಳು. ನನಗೂ ಜೀವ ಬಂತು. ಒಂದೇ ದಿನದ ಮಟ್ಟಿಗೆ.

ಯಾಕೆಂದರೆ ಕ್ಯಾಸೆಟ್ ಇತ್ತು. ಹುಡುಗ ಅದನ್ನು ನನ್ನ ಅಂಗಡಿಗೇ ತಂದ, ಸೀಡಿಗೆ ಇಳಿಸಿ ಕೊಡಿ ಎಂದು. ಇಬ್ಬರೂ ಕುಳಿತು ನೋಡಿದೆವು. ಅಕ್ಕ ಮಂಡಿಯೂರಿದಾಗಿನಿಂದ ಮುದುಕಿ ನನ್ನನ್ನು ಗುದ್ದುವವರೆಗೆ ನಲವತ್ತೊಂದು ಸೆಕೆಂಡು. ನಾನು ತೆಗೆದ ಎಷ್ಟೋ ಮದುವೆಗಳಲ್ಲಿ ತಾಳಿ ಕಟ್ಟಲು ಇಷ್ಟು ಹೊತ್ತು ಹಿಡಿದಿಲ್ಲ. ಅಷ್ಟೂ ಹೊತ್ತು ನಾನು ಅಕ್ಕನಿಂದ ಮೂರು ಮಾರು ದೂರದಲ್ಲಿ ನಿಂತಿದ್ದೇನೆ. ಗಿಡದ ಕಡೆ ನಾಲ್ಕು ಸಲ ನೋಡಿದ್ದೇನೆ. ಮೂರನೆಯ ಸಲ ನೋಡಿದಾಗ ಅಂಗಿಯ ಕಾಲರ್ ಸರಿಮಾಡಿಕೊಂಡಿದ್ದೇನೆ. ಬಳೆ ಒಡೆಯುವ ಸದ್ದು ಆಗಲೇ ಕೇಳಿಸುತ್ತದೆ.

"ಯಾಕ್ರಿ ಟವೆಲ್ ಎತ್ತಲಿಲ್ಲ?" ಎಂದು ಕೇಳಿದೆ.

"ನೀವು ಅವರ ತಮ್ಮ. ತಪ್ಪಾಗಿದ್ರೆ ನೀವು ನಿಲ್ಲಿಸ್ತೀರಿ ಅಂದ್ಕೊಂಡೆ. ನೀವು ನಿಂತೇ ಇದ್ರಿ. ಹಂಗಾಗಿ ಅವರು ಮಾಡ್ತಿದಾರೆ ಅಂದ್ಕೊಂಡೆ."

ಇದನ್ನು ಅಳಿಸಿಬಿಡೋಣ ಎಂದೆ. ಇದು ನಿಮ್ಮದೂ ಅಲ್ಲ ನನ್ನದೂ ಅಲ್ಲ, ಅವರಿಗೆ ತೋರಿಸ್ತೀನಿ, ಅವರು ಅಳಿಸು ಅಂದರೆ ಅವರ ಮುಂದೆಯೇ ಅಳಿಸ್ತೀನಿ ಎಂದ. ಅವನು ಮರ್ಯಾದಸ್ಥ, ಅದಕ್ಕೇ ನನಗೆ ಅವನ ಮೇಲೆ ಸಿಟ್ಟು ಬಂತು.

ಕ್ಯಾಸೆಟ್ ಹತ್ತು ದಿನ ನನ್ನ ಅಂಗಡಿಯಲ್ಲೇ ಇತ್ತು. ಮಷೀನಿಗೆ ಹಾಕಿ ಒಂದು ಗುಂಡಿ ಒತ್ತಿದರೆ ಅದರ ಮೇಲೆ ಯಾರದೋ ಕುಬಸ ಕೂರುತ್ತಿತ್ತು. ತಪ್ಪಾಯಿತು ಸರ ಎಂದರೆ ಮುಗಿಯಿತು. ದಿನಾ ಮಷೀನಿಗೆ ಹಾಕುತ್ತಿದ್ದೆ, ದಿನಾ ತೆಗೆಯುತ್ತಿದ್ದೆ. ನನ್ನ ಕೈ ತಡೆದದ್ದು ಪ್ರಾಮಾಣಿಕತೆ ಎಂದು ಹೇಳಿಕೊಳ್ಳುವ ಆಸೆ ನನಗೂ ಇದೆ. ಆದರೆ ಆ ಶಾಟ್ ಅಷ್ಟು ಚೆನ್ನಾಗಿತ್ತು. ಆ ಚೀನಾ ಸೀಡಿಗಳಲ್ಲಿ ಕೂಡ ಅಂಥದ್ದೊಂದು ಇರಲಿಲ್ಲ. ಅಕ್ಕನ ಎದೆ ಒಡೆಯುವುದನ್ನು ನೋಡುತ್ತ ಬೆಳಕು ಎಷ್ಟು ಚೆಂದ ಬಿದ್ದಿದೆ ಎಂದು ಯೋಚಿಸುತ್ತಿದ್ದ ನನ್ನನ್ನು ಕಂಡು ನನಗೇ ಹೆದರಿಕೆಯಾಯಿತು.

ಒಂದು ಭಾನುವಾರ ಬೆಳಿಗ್ಗೆ ಹುಡುಗ ಬಂದ. ಇಬ್ಬರೂ ಮರಳಿಗೆ ಹೋದೆವು. ದಾರಿಯಲ್ಲಿ ಕರೆಂಟ್ ಹೋಗಿರಲಿ ಎಂದು ಬೇಡಿಕೊಂಡೆ. ಕರೆಂಟ್ ಇತ್ತು. ಮಾವ, ಅಜ್ಜಿ, ಅಕ್ಕ ಮೂವರೂ ಪಡಸಾಲೆಯಲ್ಲಿ ಟೀವಿಯ ಮುಂದೆ ಕುಳಿತರು. ನಾನು ಬಾಗಿಲ ಬಳಿ ನಿಂತೆ.

ಅಕ್ಕ ತನ್ನನ್ನು ತಾನು ನೋಡಿದಳು. ಕೆಸರಿನಲ್ಲಿ ಬಿದ್ದದ್ದನ್ನು, ಕಲ್ಲು ಬಡಿದದ್ದನ್ನು ಕಣ್ಣು ಮಿಟುಕಿಸದೆ ನೋಡಿದಳು. ಅಜ್ಜಿ ಸೆರಗು ಬಾಯಿಗೆ ಒತ್ತಿಕೊಂಡಳು. ಮಾವ ನೆಲ ನೋಡುತ್ತಿದ್ದ. ಮುಗಿಯಿತು. ಬೈಯುತ್ತಾಳೆ, ಅಳುತ್ತಾಳೆ ಎಂದು ಕಾದೆ.

"ಇನ್ನೊಮ್ಮೆ ಹಾಕ್ರಿ" ಅಂದಳು.

ಎರಡನೆಯ ಸಲ ಅವಳು ನೋಡಿದ್ದು ನನ್ನನ್ನು. ಅವಳ ಕಣ್ಣು ಟೀವಿಯ ಬಲಮೂಲೆಯಲ್ಲಿ, ನಾನು ನಿಂತ ಜಾಗದಲ್ಲಿ ನೆಟ್ಟಿದ್ದವು. ನಾನು ಗಿಡದ ಕಡೆ ನೋಡಿದೆ, ಅವಳು ನೋಡಿದಳು. ನಾನು ಕಾಲರ್ ಸರಿಮಾಡಿಕೊಂಡೆ, ಅವಳು ನೋಡಿದಳು. ಹುಡುಗ ಮೆಲ್ಲಗೆ ಕೇಳಿದ, ಅಳಿಸಲಾ ಅಂತ.

"ಯಾಕ ಅಳಸ್ತೀರಿ? ನಾ ಅದರಾಗ ಏನೂ ಸುಳ್ಳು ಮಾಡಿಲ್ಲ. ಇಟ್ಕೋರಿ" ಎಂದು ಎದ್ದು ಚಹಾ ಇಡಲು ಅಡುಗೆಮನೆಗೆ ಹೋದಳು.

ನಾನೂ ಹಿಂದೆಯೇ ಹೋದೆ. ಅವಳು ಒಲೆಯ ಕಡೆ ಮುಖ ಮಾಡಿದ್ದಳು. ಅಕ್ಕಾ ಎಂದೆ. ತಿರುಗಲಿಲ್ಲ. ಚಹಾಪುಡಿ ಹಾಕಿ, ಡಬ್ಬಿಯ ಮುಚ್ಚಳ ಮುಚ್ಚಿ, ಬಹಳ ಸಮಾಧಾನದಿಂದ ಹೇಳಿದಳು.

"ಮಾವಗ ನಿಜವಾಗ್ಲೂ ಏನರ ಆದ್ರ ನನಗ ಹೇಳಾಕ ನೀ ಬರಬ್ಯಾಡ ತಮ್ಮಾ. ಬ್ಯಾರೆ ಯಾರನ್ನರ ಕಳಸು."

ನಾನು ಹೂಂ ಎಂದೆ. ನನ್ನ ಕೈಗೂ ಒಂದು ಬಟ್ಟಲು ಚಹಾ ಕೊಟ್ಟಳು, ಕುಡಿದೆ.

ಇಪ್ಪತ್ತು ವರ್ಷ ದಾಟಿತು. ಮಾವ ಲಾರಿ ಬಿಟ್ಟು ಹೊಲ ನೋಡಿಕೊಂಡಿದ್ದಾನೆ, ಗಟ್ಟಿಯಾಗಿದ್ದಾನೆ. ಅಕ್ಕ ನನ್ನ ಸಂಗಡ ಚೆನ್ನಾಗಿಯೇ ಇದ್ದಾಳೆ, ನಾಗರಪಂಚಮಿಗೆ ಉಂಡಿ ಕಳಿಸುತ್ತಾಳೆ. ಆದರೆ ಮಾವ ಹೊರಗೆ ಹೋಗಿರುವಾಗ ನಾನು ಅವರ ಮನೆಗೆ ಹೋದರೆ, ಚಪ್ಪಲಿ ಬಿಡುವ ಮುಂಚೆ ಅಂಗಳದಲ್ಲೇ ನಿಂತು, "ಸುಮ್ನ ಬಂದೀನಕ್ಕಾ, ಎಲ್ಲಾರೂ ಆರಾಮ ಅದಾರ" ಎಂದು ಜೋರಾಗಿ ಕೂಗಬೇಕು. ಒಳಗಿಂದ ಅಕ್ಕ ಉತ್ತರ ಕೊಡುವುದಿಲ್ಲ. ಮೊದಲು ಮಾವನಿಗೆ ಫೋನ್ ಮಾಡಿ ಅವನ ದನಿ ಕೇಳಿಕೊಳ್ಳುತ್ತಾಳೆ. ಆಮೇಲೆ ಬಂದು ಬಾಗಿಲು ತೆಗೆಯುತ್ತಾಳೆ.